ಕರಾವಳಿಯ ಕಿವಿಗೆ ಗಂಗೂಬಾಯಿ ಹಾನಗಲ್

ನಮ್ಮ ಉಡುಪಿ ಕಡೆ ಹಿಂದೂಸ್ತಾನಿ ಅಂದರೆ ಭೀಮಸೇನ ಜೋಶಿ. ಅಲ್ಲಿಗೆ ಮುಗಿಯಿತು. ಅವರ ದಾಸರ ಪದ ಎಷ್ಟೋ ಮನೆಗಳಲ್ಲಿ ಬೆಳಗಿನ ಕಾಫಿಯ ಜೊತೆಗೇ ಶುರುವಾಗುತ್ತಿತ್ತು. ಅದೇ ಗುರು ಸವಾಯಿ ಗಂಧರ್ವರ ಹತ್ತಿರ, ಹುಬ್ಬಳ್ಳಿ ಪಕ್ಕದ ಅದೇ ಕುಂದಗೋಳದಲ್ಲಿ ಕಲಿತ, ಜೋಶಿಯವರಿಗಿಂತ ಒಂಬತ್ತು ವರ್ಷ ದೊಡ್ಡವರಾದ ಗಂಗೂಬಾಯಿ ಹಾನಗಲ್ ಹೆಸರು ತೆಗೆದರೆ "ಹೌದೌದು, ಹುಬ್ಬಳ್ಳಿಯವರಲ್ವಾ, ದೊಡ್ಡ ಗಾಯಕಿ" ಅನ್ನುತ್ತಾರೆ. ಅವರ ಒಂದು ಹಾಡು ಹೇಳಿ ಅಂದರೆ ಮಾತು ಬೇರೆ ಕಡೆ ಹೋಗುತ್ತದೆ.

ಇದರಲ್ಲಿ ಕೇಳುಗರ ತಪ್ಪು ಜಾಸ್ತಿ ಇಲ್ಲ. ಸುಮ್ನೆ ಗುನುಗಿಕೊಳ್ಳಲು ಗಂಗೂಬಾಯಿ ನಮಗೆ ಏನೂ ಉಳಿಸಿಲ್ಲ. ಶುರುವಿನಲ್ಲಿ ಠುಮ್ರಿಯಂಥ ಲಘು ಹಾಡು, ಮರಾಠಿ ಭಾವಗೀತೆ ಎಲ್ಲ ಹಾಡಿದ್ದರು, ರೆಕಾರ್ಡ್ ಕೂಡ ಆಗಿತ್ತು. ಆಮೇಲೆ ಅದನ್ನೆಲ್ಲ ಬಿಟ್ಟು, ಒಂದು ರಾಗವನ್ನು ನಿಧಾನವಾಗಿ ಬೆಳೆಸುತ್ತಾ ಹೋಗುವ ಖಯಾಲ್ ಒಂದನ್ನೇ ಇಟ್ಟುಕೊಂಡರು. ಅವರ ಬದುಕನ್ನು ಜನ ಕಷ್ಟದ ಕಥೆಯಾಗಿ ಹೇಳುತ್ತಾರೆ, ಕಷ್ಟ ಇದ್ದದ್ದೂ ನಿಜ, ಆದರೆ ನನಗೆ ಅದಕ್ಕಿಂತ ಕುತೂಹಲ ಹುಟ್ಟಿಸುವುದು ಅವರು ಒಂದೊಂದನ್ನೇ ಬಿಡುತ್ತಾ ಹೋದ ರೀತಿ.

ಮೊದಲು ಬಿಟ್ಟದ್ದು ಅವರಲ್ಲ, ಅವರ ಅಮ್ಮ. ಅಂಬಾಬಾಯಿ ಕರ್ನಾಟಕ ಸಂಗೀತ ಹಾಡುತ್ತಿದ್ದರು. ಹಾಗೆ ಹೀಗೆ ಹಾಡುವವರಲ್ಲ, ಹಿಂದೂಸ್ತಾನಿಯ ಕಿರಾಣಾ ಘರಾಣೆಯ (ಹಾಡಿಕೆಯ ಪರಂಪರೆ) ದೊಡ್ಡ ಗಾಯಕ ಅಬ್ದುಲ್ ಕರೀಂ ಖಾನ್ ಸಾಹೇಬರೇ ಧಾರವಾಡಕ್ಕೆ ಬಂದಾಗ ಅವರ ಹಾಡು ಕೇಳಲು ಬರುತ್ತಿದ್ದರು. ಮಗಳಿಗೆ ಹಿಂದೂಸ್ತಾನಿ ಕಲಿಸಬೇಕು ಅಂತ ತೀರ್ಮಾನವಾದ ಮೇಲೆ ಈ ತಾಯಿ ಮನೆಯಲ್ಲಿ ಹಾಡುವುದನ್ನೇ ನಿಲ್ಲಿಸಿದರು. ತನ್ನ ಗಮಕ, ಅಂದರೆ ಸ್ವರವನ್ನು ಅಲ್ಲಾಡಿಸುವ ಕರ್ನಾಟಕಿ ರೀತಿ, ಮಗಳ ಗಂಟಲಿಗೆ ಅಂಟಿಕೊಂಡರೆ ಅವಳ ಕಲಿಕೆ ಕೆಡುತ್ತದೆ ಅಂತ. 1928ರಲ್ಲಿ ಮಗಳಿಗೋಸ್ಕರ ಧಾರವಾಡ ಬಿಟ್ಟು ಹುಬ್ಬಳ್ಳಿಗೂ ಬಂದರು. ನಮ್ಮ ದೊಡ್ಡಮ್ಮ ಮನೆಯಲ್ಲಿ ಮಕ್ಕಳಿಗೆ ಕರ್ನಾಟಕ ಸಂಗೀತದ ಸರಳೆ, ವರ್ಣ ಪಾಠ ಹೇಳಿಕೊಡುತ್ತಾರೆ. ಈ ವಿಷಯ ಹೇಳಿದಾಗ ಅವರು ಕೇಳಿದ್ದು ಒಂದೇ: "ಅಡುಗೆ ಮಾಡುವಾಗಲೂ ಹಾಡುತ್ತಿರಲಿಲ್ಲವಾ?"

ಗಂಗೂಬಾಯಿ ಹುಟ್ಟಿದ್ದು 1913ರ ಮಾರ್ಚ್ 5ಕ್ಕೆ, ಧಾರವಾಡದ ಶುಕ್ರವಾರಪೇಟೆಯಲ್ಲಿ. ಸುತ್ತ ಮೇಲ್ಜಾತಿಯವರ ಮನೆಗಳು, ಇವರದ್ದು ಹಾಡುವವರ ಮನೆ. ಪಕ್ಕದವರ ತೋಟದ ಮಾವಿನಹಣ್ಣಿಗೆ ಕೈ ಹಾಕಿ ಬೈಸಿಕೊಂಡದ್ದೂ ಉಂಟು. ಹಣ್ಣು ಹೋದದ್ದಕ್ಕಿಂತ, ಹಾಡುವವಳ ಮಗಳು ತೋಟದೊಳಗೆ ಕಾಲಿಟ್ಟಳಲ್ಲ ಅನ್ನುವುದೇ ಅವರ ಸಿಟ್ಟು. 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದಲ್ಲಿ ಗಾಂಧೀಜಿಯ ಎದುರು ಸ್ವಾಗತ ಗೀತೆ ಹಾಡಿದಾಗ ಇವರಿಗೆ ಹನ್ನೊಂದು ವರ್ಷ. ಆ ದೊಡ್ಡ ಸಭೆಯಲ್ಲಿ ಹುಡುಗಿಗಿದ್ದ ಹೆದರಿಕೆ ಹಾಡಿನದ್ದಲ್ಲ. ಊಟ ಮುಗಿದ ಮೇಲೆ ಎಂಜಲೆಲೆ ತೆಗೆಯಲು ಎಲ್ಲಿ ತನಗೆ ಹೇಳುತ್ತಾರೋ ಅಂತ.

ಇನ್ನು ಕುಂದಗೋಳ. ಗುರು ಸವಾಯಿ ಗಂಧರ್ವರು ಅಲ್ಲಿಯವರು. ನಾಟಕ ಕಂಪನಿ, ಓಡಾಟ ಎಲ್ಲ ಕಡಿಮೆಯಾಗಿ ಅವರು ಊರಲ್ಲಿ ನಿಂತ ಮೇಲೆ ಗಂಗೂಬಾಯಿಗೆ ಸರಿಯಾದ ಪಾಠ ಸಿಕ್ಕಿತು. ಅಷ್ಟು ಹೊತ್ತಿಗೆ ಮದುವೆಯಾಗಿ, ಮಕ್ಕಳಾಗಿ, ಅಮ್ಮನೂ ತೀರಿಹೋಗಿ ಮನೆಯ ಜವಾಬ್ದಾರಿ ಪೂರ್ತಿ ಇವರ ಮೇಲೆ. ಹುಬ್ಬಳ್ಳಿಯಿಂದ ರೈಲಿನಲ್ಲಿ ಹೋಗುವುದು, ಪಾಠ ಮುಗಿಸಿ ರಾತ್ರಿ ರೈಲಿಗೆ ವಾಪಸ್ಸು. ಗುರುಗಳ ಮನೆಯಲ್ಲೇ ಇದ್ದು ಕಲಿಯುತ್ತಿದ್ದ ಹುಡುಗ ಭೀಮಸೇನ ಇವರನ್ನು ಸ್ಟೇಷನ್‌ವರೆಗೆ ಬಿಟ್ಟು ಬರುತ್ತಿದ್ದ. ದಾರಿಯಲ್ಲಿ ಜನ ಇಣುಕಿ ನೋಡಿ ಗಾನೇವಾಲಿ (ಹಾಡುವವಳು) ಹೋದಳು ಅಂತ ಆಡಿಕೊಳ್ಳುತ್ತಿದ್ದರು. ಪಾಠವೂ ಸುಲಭದ್ದಲ್ಲ, ಒಂದೇ ಸಾಲನ್ನು ದಿನಗಟ್ಟಲೆ ಹಿಡಿದು ತಿದ್ದುವ ಪಾಠ. ಅದಕ್ಕೂ ಮೊದಲು ಕೃಷ್ಣಾಚಾರ್ಯ ಹುಲಗೂರ ಅವರ ಹತ್ತಿರ ರಾಶಿ ಚೀಜ್ (ಹಾಡಿನ ಬಂದಿಶ್) ಕಲಿತಿದ್ದರು. ಇಲ್ಲಿ ಬಂದು ಆ ಸಂಖ್ಯೆಯ ಲೆಕ್ಕವೂ ಬಿಟ್ಟುಹೋಯಿತು.

ಆಮೇಲೆ ಹೋದದ್ದು ಧ್ವನಿ. 1930ರ ದಶಕದ ರೆಕಾರ್ಡ್ ಸಿಕ್ಕಿದರೆ ಕೇಳಿ. ತೆಳ್ಳಗೆ, ಚೂಪಾಗಿ, ಮೇಲಿನ ಷಡ್ಜಕ್ಕೆ (ಸ ಸ್ವರಕ್ಕೆ) ಸಲೀಸಾಗಿ ಹೋಗಿಬರುವ ಹುಡುಗಿಯ ಸ್ವರ ಅದು. ಗಂಟಲಿನ ತೊಂದರೆಗೆ ಚಿಕಿತ್ಸೆ ಆದ ಮೇಲೆ ಸ್ವರ ದಪ್ಪವಾಯಿತು, ಗಂಡಸರ ಶ್ರುತಿಗೆ ಇಳಿಯಿತು. ಯಕ್ಷಗಾನ ಕೇಳಿ ಬೆಳೆದ ನಮಗೆ ಏರುಶ್ರುತಿಯಲ್ಲಿ ಹಾಡುವ ಗಂಡಸರು ಎಂಥ ಆಶ್ಚರ್ಯವೂ ಅಲ್ಲ, ಭಾಗವತರೆಲ್ಲ ಹಾಗೇ. ಆದರೆ ಹೆಂಗಸೊಬ್ಬಳು ಮಂದ್ರದಲ್ಲಿ, ಕೆಳಗಿನ ಸ್ವರಗಳಲ್ಲಿ ಕೂತುಬಿಟ್ಟರೆ "ಎಂಥ ಮಾರಾಯ್ತಿ, ಇದು ಗಂಡಸಾ ಹೆಂಗಸಾ?" ಅಂತ ನನ್ನ ಗೆಳತಿ ಕೇಳಿಯೇ ಬಿಟ್ಟಳು. ಬೇರೆ ಯಾರಾದರೂ ಆಗಿದ್ದರೆ ಹಳೆಯ ಸ್ವರ ವಾಪಸ್ಸು ತರಲು ಒದ್ದಾಡುತ್ತಿದ್ದರು. ಇವರು ಇದ್ದ ಸ್ವರಕ್ಕೆ ತಕ್ಕ ಹಾಡಿಕೆ ಕಟ್ಟಿಕೊಂಡರು. ನಿಧಾನ, ಸರಿಯಾದ ಜಾಗಕ್ಕೆ ಬಂದು ನಿಲ್ಲುವ ಸ್ವರ, ಬೇಡದ ಒಂದು ಸುತ್ತೂ ಇಲ್ಲ. ಮಾರ್ವಾ, ಪೂರಿಯಾ ಧನಾಶ್ರೀ, ಭೈರವ್, ಚಂದ್ರಕೌಂಸ್ ಮುಂತಾಗಿ ಕೆಲವೇ ರಾಗಗಳನ್ನು ಮತ್ತೆ ಮತ್ತೆ ಹಾಡಿದರು. ಅಪರೂಪದ ರಾಗ ಹಾಡಿ ಮೆಚ್ಚಿಸುವ ಚಪಲ ಇರಲಿಲ್ಲ.

ಹಾಗಂತ ಕೇಳುವುದು ಸುಲಭ ಅಂತ ನಾನು ಹೇಳುವುದಿಲ್ಲ. ಉಡುಪಿಯಿಂದ ಮಂಗಳೂರಿಗೆ ಹೋಗುವ ಎಕ್ಸ್‌ಪ್ರೆಸ್ ಬಸ್ಸಲ್ಲಿ ಇಯರ್‌ಫೋನ್ ಹಾಕಿ ಕೇಳಲು ಹೋದರೆ ಅವರು ಷಡ್ಜ ಬಿಟ್ಟು ಏಳುವಷ್ಟರಲ್ಲಿ ಕಾಪು ಬಂದಿರುತ್ತದೆ, ಪಡುಬಿದ್ರಿಯ ಹತ್ತಿರ ಹಾರ್ನು, ಕಂಡಕ್ಟರನ ಶಿಳ್ಳೆ ಎರಡೂ ಸೇರಿ ನಿಷಾದವನ್ನು (ನಿ ಸ್ವರವನ್ನು) ನುಂಗಿಹಾಕುತ್ತವೆ, ಮತ್ತೆ ಕಿವಿಗೆ ಸಿಗುವುದು ಸುರತ್ಕಲ್ ದಾಟಿದ ಮೇಲೆಯೇ. ಆದಿತಾಳ ಕೈಯಲ್ಲಿ ಹಾಕಿ ಅಭ್ಯಾಸ ಇರುವವರಿಗೆ ತುಂಬಾ ನಿಧಾನವಾಗಿ ಸಾಗುವ ವಿಲಂಬಿತ ಏಕತಾಳದ ಒಂದು ಆವರ್ತನ (ಸುತ್ತು) ಮುಗಿಯುವುದೇ ಗೊತ್ತಾಗುವುದಿಲ್ಲ. ಮನೆಯಲ್ಲಿ, ರಾತ್ರಿ, ಮಳೆ ಜೋರಿಲ್ಲದ ದಿನ ಕೇಳಿ.

ಕರ್ನಾಟಕ ಸಂಗೀತ ಗೊತ್ತಿರುವವರು ಅಭೋಗಿಯಿಂದ ಶುರು ಮಾಡುವುದು ಒಳ್ಳೆಯದು. ಅದು ನಮ್ಮ ಕಡೆಯಿಂದಲೇ ಅತ್ತ ಹೋದ ರಾಗ, ಪಂಚಮ ಇಲ್ಲ, ನಿಷಾದ ಇಲ್ಲ. ಅದೇ ರಾಗದ 'ಎವರಿ ಬೋಧನ' ವರ್ಣ ಕಲಿತ ಮಕ್ಕಳಿಗೆಲ್ಲ ಬಾಯಿಪಾಠ. ದೊಡ್ಡಮ್ಮನಿಗೆ ಅದನ್ನೇ ಹಾಕಿಕೊಟ್ಟೆ. ಸ್ವಲ್ಪ ಹೊತ್ತು ಕೈಯಲ್ಲಿ ತಾಳ ಹುಡುಕಿದರು, ಆಮೇಲೆ ಕೈ ಮಡಿಲಲ್ಲಿಟ್ಟುಕೊಂಡು ಕೇಳಿದರು. "ಗಾಂಧಾರ ನಾವು ಅಲ್ಲಾಡಿಸ್ತೇವೆ, ಇವರು ಹಾಗೇ ಬಿಟ್ಟಿದ್ದಾರೆ ನೋಡು" ಅಂದರು. ಆಮೇಲೆ ಒಂದು ಕಚೇರಿಯ ರೆಕಾರ್ಡಿಂಗ್ ಹಾಕಿದಾಗ, ಹಿಂದೆ ಇನ್ನೊಂದು ಹೆಣ್ಣು ಧ್ವನಿ ಕೇಳ್ತದಲ್ಲ, ಯಾರದು ಅಂತ ಕೇಳಿದರು.

ಅದು ಮಗಳು ಕೃಷ್ಣಾ ಹಾನಗಲ್. ಅಮ್ಮನ ಸ್ವರ ಕೆಳಗೆ ಗಟ್ಟಿಯಾಗಿ ನಿಂತಿರುವಾಗ ಮೇಲಿನ ಜಾಗಕ್ಕೆ ಹೋಗಿಬರುವುದು, ಅಮ್ಮ ಉಸಿರು ತೆಗೆದುಕೊಳ್ಳುವಾಗ ಸಾಲು ಹಿಡಿದಿಡುವುದು, ಇದನ್ನೇ ವರ್ಷಗಟ್ಟಲೆ ಮಾಡಿದವರು. 2002ರಲ್ಲಿ ಗಂಗೂಬಾಯಿಗೆ ಪದ್ಮವಿಭೂಷಣ ಬಂತು, 2004ರಲ್ಲಿ ಕೃಷ್ಣಾ ಕ್ಯಾನ್ಸರಿನಿಂದ ತೀರಿಕೊಂಡರು. ಅಮ್ಮನಿಗೂ ಕ್ಯಾನ್ಸರ್ ಬಂದು ಗುಣವಾಗಿತ್ತು. 2006ರಲ್ಲಿ, ತೊಂಬತ್ತು ದಾಟಿದ ಮೇಲೆ, ಮಗಳಿಲ್ಲದೆ ಕೊನೆಯ ಕಚೇರಿ ಮಾಡಿದರು. 2009ರ ಜುಲೈ 21ಕ್ಕೆ ಹುಬ್ಬಳ್ಳಿಯಲ್ಲಿ ಹೋದರು, ಕಣ್ಣು ದಾನ ಮಾಡಿದ್ದರು. ಮೈಸೂರಿನ ಸಂಗೀತ ವಿಶ್ವವಿದ್ಯಾಲಯಕ್ಕೆ ಅವರದೇ ಹೆಸರು.

ಈಗ ದೊಡ್ಡಮ್ಮ ಕೃಷ್ಣಾ ಒಬ್ಬರೇ ಹಾಡಿದ್ದು ಉಂಟಾ ಅಂತ ನನ್ನ ಬೆನ್ನು ಹತ್ತಿದ್ದಾರೆ. ಹುಡುಕುತ್ತಾ ಇದ್ದೇನೆ, ನಿಮ್ಮಲ್ಲಿ ಯಾರ ಹತ್ತಿರವಾದರೂ ಇದ್ದರೆ ಹೇಳಿ.