ಹಗ್ಗ ಹಿಡಿದವರೂ ಕಾಣಲಿ

ಗ್ರೀಸಿನ ನೃತ್ಯಕಲಾವಿದ ದಿಮಿತ್ರಿಸ್ ಪಾಪಾಯೊಆನ್ನು ಅವರ ‘ದಿ ಗ್ರೇಟ್ ಟೇಮರ್’ (2017) ಕೃತಿಯ ಒಂದು ಭಾಗವನ್ನು ನಾನು ಮತ್ತೆ ಮತ್ತೆ ಹಾಕಿಕೊಂಡು ನೋಡುತ್ತೇನೆ. ಬೂದು ಹಲಗೆಗಳನ್ನು ಒಂದರ ಮೇಲೊಂದು ಹಾಸಿದ ನೆಲದಲ್ಲಿ ಒಬ್ಬ ಬೆತ್ತಲೆ ಮಲಗಿದ್ದಾನೆ. ಒಬ್ಬ ಬಂದು ಬಿಳಿ ಬಟ್ಟೆ ಹೊದಿಸಿ ಹೋಗುತ್ತಾನೆ. ಇನ್ನೊಬ್ಬ ಬಂದು ಪಕ್ಕದ ಹಲಗೆಯನ್ನೆತ್ತಿ ಧೊಪ್ಪನೆ ಬೀಳಿಸುತ್ತಾನೆ. ಆ ಗಾಳಿಗೆ ಬಟ್ಟೆ ಹಾರುತ್ತದೆ. ಮತ್ತೆ ಹೊದಿಕೆ, ಮತ್ತೆ ಹಲಗೆ. ಗಾಳಿ ಬಂದದ್ದು ಎಲ್ಲಿಂದ ಎಂಬುದನ್ನು ಯಾರೂ ಮುಚ್ಚಿಡುವುದಿಲ್ಲ. ಅವರ ರಂಗದಲ್ಲಿ ಹಲವರ ಕೈಕಾಲು ಕೂಡಿ ಒಂದೇ ಮೈಯಾಗುವಾಗಲೂ ಹಾಗೆಯೇ: ಕಪ್ಪು ಬಟ್ಟೆಯಲ್ಲಿ ಉಳಿದ ಮೈ ಮರೆಸಿಕೊಂಡವರು ಅಲ್ಲೇ ಇರುತ್ತಾರೆ, ಅವರನ್ನು ಕಂಡೂ ಅದು ಒಂದೇ ಮೈ ಎಂದು ಕಣ್ಣು ನಂಬುತ್ತದೆ.

ನನಗೆ ಇದು ಹೊಸದಲ್ಲ. ಶಿರಸಿಯಲ್ಲಿ ಎರಡು ವರ್ಷಕ್ಕೊಮ್ಮೆ ಹೋಳಿಯ ಹೊತ್ತಿಗೆ ಬೇಡರ ವೇಷ ಎಂಬ ಜನಪದ ಕುಣಿತ ನಡೆಯುತ್ತದೆ. ನಾನು ನಮ್ಮ ಗಲ್ಲಿಯ ವೇಷಕ್ಕೆ ಹಗ್ಗ ಹಿಡಿಯುವವನು. ಬೆನ್ನಿಗೆ ನವಿಲುಗರಿ ಕಟ್ಟಿ, ಕತ್ತಿ ಗುರಾಣಿ ಹಿಡಿದ ಬೇಡ ತಮಟೆಯ ಏಟಿಗೆ ಮುನ್ನುಗ್ಗುತ್ತಾನೆ. ಹಿಂದೆ ಇಬ್ಬರು ಅವನ ಸೊಂಟಕ್ಕೆ ಕಟ್ಟಿದ ಹಗ್ಗ ಹಿಡಿದು ಅವನನ್ನು ತಡೆಯುತ್ತೇವೆ. ಹಗ್ಗ ಸಡಿಲವಾದರೆ ಅವನ ರೋಷಕ್ಕೆ ಆಸರೆಯೇ ಇಲ್ಲ, ಬಿಗಿ ಹೆಚ್ಚಾದರೆ ಸೊಂಟ ಕೊಯ್ಯುತ್ತದೆ. ಅವನು ತಿರುಗುವ ಮೊದಲು ಭುಜ ಒಂದಿಷ್ಟು ಕುಗ್ಗುತ್ತದೆ. ಆ ಕ್ಷಣಕ್ಕೇ ಹಗ್ಗ ಬಿಡಬೇಕು. ಮುಖ ನಮಗೆ ಕಾಣುವುದಿಲ್ಲ. ರಾತ್ರಿಯಿಡೀ ನಾವು ಓದುವುದು ಆ ಬೆನ್ನನ್ನೇ. ನಮ್ಮ ಮೈಮೇಲೆ ವೇಷವಿಲ್ಲ, ಬಣ್ಣವಿಲ್ಲ. ಆದರೂ ನಾವು ಕುಣಿತದ ಒಳಗೇ ಇದ್ದೇವೆ ಎಂದು ನಾನು ಗಟ್ಟಿಯಾಗಿ ನಂಬುತ್ತೇನೆ.

ಪಾಪಾಯೊಆನ್ನು ನೃತ್ಯಕ್ಕೆ ಬರುವ ಮೊದಲು ಚಿತ್ರಕಾರ, ಕಾಮಿಕ್ಸ್ ಬರೆದವರು. 1986ರಲ್ಲಿ ‘ಎಡಾಫೋಸ್’ ಎಂಬ ನೃತ್ಯತಂಡ ಕಟ್ಟಿದರು, 2004ರ ಅಥೆನ್ಸ್ ಒಲಿಂಪಿಕ್ಸ್ ಉದ್ಘಾಟನೆಯನ್ನು ನಿರ್ದೇಶಿಸಿದರು. ಚೌಕಟ್ಟಿನೊಳಗೆ ಯಾರು ಎಲ್ಲಿ ನಿಲ್ಲಬೇಕೆಂಬುದು ಚಿತ್ರಕಾರನಿಗೆ ಗೊತ್ತಿರುತ್ತದೆ. 2011ರ ‘ಇನ್‌ಸೈಡ್’ ನಡೆದದ್ದು ಒಂದೇ ಕೋಣೆಯಲ್ಲಿ, ಆರು ಗಂಟೆ. ಜನ ಮನೆಗೆ ಬರುತ್ತಾರೆ, ಬಟ್ಟೆ ಕಳಚುತ್ತಾರೆ, ಸ್ನಾನ, ಊಟ, ಹಾಸಿಗೆ. ಒಬ್ಬರಾದ ಮೇಲೊಬ್ಬರಂತೆ ಅದೇ ಕೆಲಸ. ಪ್ರೇಕ್ಷಕರು ಬೇಕಾದಾಗ ಎದ್ದು ಹೋಗಿ ಬರಬಹುದಿತ್ತು. ಅದನ್ನು ಸಿನಿಮಾ ಮಾಡಿದಾಗಲೂ ಅವರು ಆ ಆರು ಗಂಟೆಯನ್ನು ಕತ್ತರಿಸಲಿಲ್ಲ.

ನಮ್ಮ ವೇಷದ ವಿಡಿಯೊಗಳನ್ನು ನೋಡಿದರೆ ನನಗೆ ಸಂಕಟವಾಗುತ್ತದೆ. ಮೊಬೈಲು ಹಿಡಿದ ಹುಡುಗರು ನೇರ ಮುಖಕ್ಕೇ ಹೋಗುತ್ತಾರೆ: ಮೀಸೆ, ಕೆಂಗಣ್ಣು, ಬೆವರು. ಹಗ್ಗ ಹೊರಗುಳಿಯುತ್ತದೆ. ಹಗ್ಗವಿಲ್ಲದ ಬೇಡ ಸುಮ್ಮನೆ ಹಾರಾಡುವವನಂತೆ ಕಾಣುತ್ತಾನೆ, ಅವನ ಸಿಟ್ಟು ಯಾವುದರ ವಿರುದ್ಧ ಎಂದೇ ತಿಳಿಯುವುದಿಲ್ಲ. ಮುಂದಿನ ಹೋಳಿಗೆ ನಮ್ಮ ಗಲ್ಲಿಯ ಇಬ್ಬರು ಹುಡುಗರನ್ನು ಒಪ್ಪಿಸಿದ್ದೇನೆ. ರಸ್ತೆಯ ಪಕ್ಕದ ಜಗಲಿ ಹತ್ತಿ, ಅಡ್ಡಲಾಗಿ ನಿಂತು, ಬೇಡ, ಹಗ್ಗ, ಇಬ್ಬರು ಹಿಡಿದವರು, ತಮಟೆಯವರು ಎಲ್ಲರೂ ಕಾಣುವಂತೆ ಹಿಡಿಯುತ್ತಾರೆ. ಒಂದು ಕುಣಿತ ಮುಗಿಯುವವರೆಗೆ ಕ್ಯಾಮೆರಾ ಅಲುಗಾಡಿಸುವುದಿಲ್ಲ ಎಂದು ಮಾತು ಕೊಟ್ಟಿದ್ದಾರೆ.