ಈಗ ಯಾವುದರಲ್ಲಿ ಬರ್ತಾ ಇದ್ದೀರಿ?

ಮಾಟುಂಗದ ಮೈಸೂರು ಅಸೋಸಿಯೇಷನ್ನಿನ ಮೆಟ್ಟಿಲ ಮೇಲೆ, ಮದುವೆ ಊಟದ ಸಾಲಿನಲ್ಲಿ, ಮೀರಾ ರೋಡ್ ಸ್ಟೇಷನ್ ಪಕ್ಕ ಬಸಳೆ ಆರಿಸುವಾಗ, ಎಲ್ಲ ಕಡೆ ಒಂದೇ ಪ್ರಶ್ನೆ. "ಏನ್ ಮಾರಾಯ್ರೆ, ಈಗ ಯಾವುದರಲ್ಲಿ ಬರ್ತಾ ಇದ್ದೀರಿ?"

ನಾನು ಮುಂಬೈಯಲ್ಲಿ ಹಿಂದಿ ಸೀರಿಯಲ್ಲುಗಳಲ್ಲಿ ಅಜ್ಜನ ಪಾತ್ರ ಮಾಡುವ ನಟ. ಪ್ರೀತಿಯಿಂದಲೇ ಕೇಳುತ್ತಾರೆ. ನಾನು "ಹೀಗೇ, ನಡೀತಾ ಇದೆ" ಅಂದು ಬಸಳೆ ಚೀಲಕ್ಕೆ ಹಾಕಿಕೊಂಡು ಜಾಗ ಖಾಲಿ ಮಾಡುತ್ತೇನೆ. ಸರಿಯಾಗಿ ಉತ್ತರ ಹೇಳಲು ಅರ್ಧ ಗಂಟೆಯಾದರೂ ಬೇಕು. ಇವತ್ತು ಬೆಳಿಗ್ಗೆಯಿಂದ ಮಳೆ, ಎಲ್ಲೂ ಹೋಗುವ ಹಾಗಿಲ್ಲ. ಬರೆದೇ ಬಿಡುತ್ತೇನೆ.

ಗಡಿಬಿಡಿಯಲ್ಲಿರುವವರಿಗೆ ಚಿಕ್ಕ ಉತ್ತರ ಇದು: ನೀವು ನನ್ನನ್ನು ಟಿವಿಯಲ್ಲಿ ನೋಡುವ ದಿನ ನನಗೆ ಸಾಮಾನ್ಯವಾಗಿ ಕೆಲಸ ಇರುವುದಿಲ್ಲ. ನನಗೆ ಕೆಲಸ ಇರುವ ದಿನ ನೀವು ನನ್ನನ್ನು ನೋಡುವುದಿಲ್ಲ.

ಪುರುಸೊತ್ತಿದ್ದವರು ಮುಂದೆ ಓದಿ.

ನನಗೀಗ 71. ಕುಂದಾಪುರದ ಕಡೆಯಿಂದ 17ನೇ ವಯಸ್ಸಿಗೆ ಸೋದರಮಾವನ ಹೋಟೆಲಿಗೆ ಅಂತ ಮುಂಬೈಗೆ ಬಂದವನು. ಹಗಲು ಗಲ್ಲೆ, ರಾತ್ರಿ ಕಾಲೇಜು. ಆಮೇಲೆ ಬ್ಯಾಂಕು. ಬ್ಯಾಂಕಿನಲ್ಲಿದ್ದಷ್ಟು ದಿನ ಸಂಜೆಯಾದರೆ ಕನ್ನಡ ನಾಟಕದ ರಿಹರ್ಸಲ್. ಅಮರೀಶ್ ಪುರಿ ಇ.ಎಸ್.ಐ. ಕಾರ್ಪೊರೇಷನ್ನಿನ ನೌಕರಿ ಮಾಡುತ್ತಲೇ ವರ್ಷಗಟ್ಟಲೆ ನಾಟಕ ಆಡಿದವರು ಅಂತ ನಾವೆಲ್ಲ ಒಬ್ಬರಿಗೊಬ್ಬರು ಹೇಳಿಕೊಂಡು ಸಮಾಧಾನ ಪಟ್ಟುಕೊಳ್ಳುತ್ತಿದ್ದೆವು. ಬ್ಯಾಂಕುಗಳು ವಿ.ಆರ್.ಎಸ್., ಅಂದರೆ ಸ್ವಯಂ ನಿವೃತ್ತಿ ಯೋಜನೆ, ತೆರೆದಾಗ, 2001ರಲ್ಲಿ, ನಾನು ಸಹಿ ಹಾಕಿ ಹೊರಗೆ ಬಂದೆ. ಹೆಂಡತಿ ಮೂರು ದಿನ ಮಾತಾಡಲಿಲ್ಲ.

ಸಮಯ ಮಾತ್ರ ಸರಿಯಾಗಿತ್ತು. ಅದಕ್ಕೆ ಮೊದಲು ಹಿಂದಿ ಸೀರಿಯಲ್ ಅಂದರೆ ಹೆಚ್ಚಾಗಿ ವಾರಕ್ಕೊಂದು ಕಂತು. 2000ದ ಹೊತ್ತಿಗೆ ಅತ್ತೆ-ಸೊಸೆ ಕಥೆಗಳು ವಾರಕ್ಕೆ ನಾಲ್ಕು ರಾತ್ರಿ ಬರಲು ಶುರುವಾದವು. ಎಲ್ಲವೂ ಕೂಡು ಕುಟುಂಬ. ಒಂದೊಂದು ಮನೆಯಲ್ಲಿ ಹದಿನೈದು ಜನ. ಅಷ್ಟು ಜನಕ್ಕೆ ಒಬ್ಬ ಅಜ್ಜ ಬೇಕಲ್ವಾ? 47ನೇ ವಯಸ್ಸಿನಲ್ಲಿ ನನ್ನ ಕೂದಲಿಗೆ ಬಿಳಿ ಬಳಿದರು. ಈಗ ಬಳಿಯುವ ಖರ್ಚು ಇಲ್ಲ.

ಬ್ಯಾಂಕಿನವನಾದ್ದರಿಂದ ಡೈರಿ ಇಟ್ಟಿದ್ದೇನೆ. ಹೋದ ವರ್ಷದ ಲೆಕ್ಕ: ಸೀರಿಯಲ್ ಶೂಟಿಂಗ್ 38 ದಿನ. ಸಿನಿಮಾ 3 ದಿನ, ಅದರಲ್ಲಿ ಒಂದು ಸಿನಿಮಾದ ಎಡಿಟಿಂಗ್‌ನಲ್ಲಿ ನಾನು ಪೂರ್ತಿ ಹಾರಿಹೋದೆ. ಜಾಹೀರಾತು 2 ದಿನ. ಡಬ್ಬಿಂಗ್ 57 ಸಲ. ಆಡಿಷನ್ 64. ಉಳಿದ ದಿನ ಮೊಬೈಲು ಕಡೆ ನೋಡುವ ಕೆಲಸ.

ಆ 64 ಆಡಿಷನ್ನಿನಲ್ಲಿ ಕೈಗೆ ಹತ್ತಿದ್ದು ಐದು. ಮೊದಲೆಲ್ಲ ವರ್ಸೋವಾದ ಆರಾಮ್ ನಗರಕ್ಕೆ ಹೋಗಬೇಕಿತ್ತು. ಹೆಸರಿಗೆ ಆರಾಮ್. ಹಳೇ ಬಂಗಲೆಗಳ ಗಲ್ಲಿ, ಒಂದೊಂದು ಬಾಗಿಲಲ್ಲೂ ಒಂದೊಂದು ಆಡಿಷನ್, ಬಿಸಿಲಲ್ಲಿ ಸಾಲು. ಬಾಗಿಲಲ್ಲಿ ನಿಂತ ಹುಡುಗ ಮುಖ ನೋಡಿ "ನಾಟ್ ಫಿಟ್" ಅಂದರೆ ಮುಗಿಯಿತು. ಒಮ್ಮೆ ಒಂದು ದಕ್ಷಿಣ ಭಾರತೀಯ ಮಾವನ ಪಾತ್ರಕ್ಕೆ ಹೋಗಿದ್ದೆ. ನನ್ನದೇ ಪಾತ್ರ ಅಂದುಕೊಂಡೆ. ಹೇಳಿದ ಮಾತು ಹೇಳಿದೆ. ಕ್ಯಾಮೆರಾ ಹಿಂದಿನ ಹುಡುಗ ತಲೆ ಕೆರೆದುಕೊಂಡ. "ಸರ್, ಸ್ವಲ್ಪ ಸೌತ್ ಹಾಕಿ." ನಾನು ಸೌತಿನವನೇ ಕಣಪ್ಪ ಅಂದೆ. "ಅದು ಗೊತ್ತಾಗ್ತಾ ಇಲ್ಲ ಸರ್, ಅಯ್ಯಯ್ಯೋ ಎಲ್ಲ ಬರ್ತಾ ಇಲ್ಲ." ಪಾತ್ರ ಕೊನೆಗೆ ದೆಹಲಿಯ ಒಬ್ಬರಿಗೆ ಹೋಯಿತು. ಅವರು ಅಯ್ಯಯ್ಯೋ ಚೆನ್ನಾಗಿ ಹೇಳುತ್ತಾರೆ, ನಾನೇ ನೋಡಿದೆ.

ಈಗ ಬಹುತೇಕ ಮನೆಯಲ್ಲೇ ವಿಡಿಯೋ ಮಾಡಿ ಕಳಿಸುವುದು. ಎದುರು ಪಾತ್ರದ ಕ್ಯೂ ಕೊಡುವುದು ನನ್ನ ಹೆಂಡತಿ. "ಬಾಬೂಜಿ, ಆಪ್ ಯೇ ಘರ್ ಛೋಡ್ ದೀಜಿಯೇ", ಅಂದರೆ ಮಾವ ಈ ಮನೆ ಬಿಟ್ಟು ಹೋಗಿ, ಅನ್ನುವ ಸೊಸೆಯ ಮಾತನ್ನು ಅವಳು ಹಾಲಿನ ಲೆಕ್ಕ ಓದಿದ ಹಾಗೆ ಓದುತ್ತಾಳೆ. ಅದಕ್ಕೆ ನಾನು ಕಣ್ಣೀರು ತರಿಸಿಕೊಳ್ಳಬೇಕು. ನಟನೆ ಅಂದರೆ ಅದು.

ಇನ್ನು ಶೂಟಿಂಗ್. ಸೀರಿಯಲ್ ಅಂದರೆ ಗೋರೆಗಾಂವ್ ಫಿಲ್ಮ್‌ಸಿಟಿ ಅಂತ ಜನ ಅಂದುಕೊಂಡಿದ್ದಾರೆ. ಸರ್ಕಾರ 1977ರಲ್ಲಿ ಶುರು ಮಾಡಿದ ಆ ಜಾಗದಲ್ಲಿ ಈಗಲೂ ಬೇಕಾದಷ್ಟು ಕೆಲಸ ನಡೆಯುತ್ತದೆ. ಆದರೆ ಎಷ್ಟೋ ಸೆಟ್‌ಗಳು ಮಢ್, ಘೋಡ್‌ಬಂದರ್ ರಸ್ತೆ, ನಾಯ್‌ಗಾಂವ್ ಕಡೆ ಇವೆ. ನನಗೆ ನಾಯ್‌ಗಾಂವ್ ಅಂದರೆ ಖುಷಿ. ಮೀರಾ ರೋಡಿನಿಂದ ಎರಡನೇ ಸ್ಟೇಷನ್. ಬೆಳಿಗ್ಗೆ ಊರೆಲ್ಲ ಚರ್ಚ್‌ಗೇಟ್ ಕಡೆ ಬಾಗಿಲಲ್ಲಿ ನೇತಾಡಿಕೊಂಡು ಹೋಗುವಾಗ ನಾನು ವಿರಾರ್ ಕಡೆಯ ಲೋಕಲ್‌ನಲ್ಲಿ ಕಿಟಕಿ ಪಕ್ಕ ಕೂತು ಖಾಡಿ, ಅಂದರೆ ಸಮುದ್ರದ ಹಿನ್ನೀರು, ನೋಡುತ್ತಾ ಹೋಗುತ್ತೇನೆ. ಮುಂಬೈಯಲ್ಲಿ ನಟನಾಗಿ ನನಗೆ ಸಿಕ್ಕ ದೊಡ್ಡ ಸವಲತ್ತು ಅದೇ.

ಕಾಲ್ ಟೈಮ್ ಒಂಬತ್ತು. ಹತ್ತಕ್ಕೆ ಮೇಕಪ್ ಮುಗಿಸಿ, ಶಾಲು ಹೊದ್ದು ತಯಾರು. ಒಂದು ದಿನದ್ದು ಹೇಳುತ್ತೇನೆ. ಮನೆಯಲ್ಲಿ ಪೂಜೆಯ ಸೀನು. ಹದಿನಾಲ್ಕು ಜನ ಸಾಲಾಗಿ ನಿಲ್ಲಬೇಕು. ನನಗಿದ್ದದ್ದು ಒಂದೇ ಮಾತು, "ಭಗವಾನ್ ಸಬ್ ಠೀಕ್ ಕರೇಗಾ". ಮೊದಲು ಮಾನಿಟರ್, ಅಂದರೆ ಸೆಟ್ಟಿನ ಭಾಷೆಯಲ್ಲಿ ರಿಹರ್ಸಲ್. ಆಮೇಲೆ ಮಾಸ್ಟರ್ ಶಾಟ್, ಎಲ್ಲರೂ ಕಾಣುವ ಹಾಗೆ. ಅದರ ನಂತರ ಒಬ್ಬೊಬ್ಬರದೇ ಕ್ಲೋಸ್, ಮುಖ ಮಾತ್ರ ಹತ್ತಿರದಿಂದ. ಮೊದಲು ಸೊಸೆ, ಆಮೇಲೆ ಅತ್ತೆ, ಆಮೇಲೆ ಮಗ, ಆಮೇಲೆ ಕೆಟ್ಟ ನಾದಿನಿ. ಅಜ್ಜ ಕೊನೆಗೆ. ಅಷ್ಟರವರೆಗೆ ನಾನು ಸಜೆಷನ್ ಕೊಡಬೇಕು. ಹಾಗೆಂದರೆ ಸಲಹೆ ಅಲ್ಲ. ಬೇರೆಯವರ ಮುಖ ತೆಗೆಯುವಾಗ ಪಕ್ಕದಲ್ಲಿ ಮಸುಕಾಗಿ ಒಂದು ಭುಜ ಕಾಣುತ್ತದಲ್ಲ, ಅದು. ಹಿಂದಿ ಟಿವಿಯಲ್ಲಿ ನನ್ನ ಮುಖಕ್ಕಿಂತ ನನ್ನ ಎಡ ಭುಜವೇ ಜಾಸ್ತಿ ಬಂದಿದೆ.

ಬೆಳಿಗ್ಗೆ ಮಾಸ್ಟರ್‌ನಲ್ಲಿ ನನ್ನ ಕೈಯಲ್ಲಿ ಕೆಂಪು ಬಟ್ಟೆ ಸುತ್ತಿದ ತೆಂಗಿನಕಾಯಿ ಇತ್ತು. ನನ್ನ ಕ್ಲೋಸ್ ಬಂದಾಗ ರಾತ್ರಿ ಹತ್ತು ಗಂಟೆ. ಕಾಂಟಿನ್ಯೂಟಿ, ಅಂದರೆ ಒಂದು ಶಾಟಿನಲ್ಲಿದ್ದದ್ದು ಮುಂದಿನದರಲ್ಲೂ ಹಾಗೇ ಇದೆಯಾ ಅಂತ, ನೋಡುವ ಹುಡುಗಿ ಗಾಬರಿಯಾದಳು. ತೆಂಗಿನಕಾಯಿ ಇಲ್ಲ. ಮಧ್ಯಾಹ್ನವೇ ಯಾರೋ ಒಡೆದು ಚಟ್ನಿಗೆ ಕೊಟ್ಟಿದ್ದರು. ನಾನೂ ಇಡ್ಲಿ ಜೊತೆ ಎರಡು ಸಲ ಹಾಕಿಸಿಕೊಂಡಿದ್ದೆ. ಆ ಹೊತ್ತಿನಲ್ಲಿ ತರುವುದು ಎಲ್ಲಿಂದ? ಸೆಟ್ಟಿನ ಚಿಲ್ಲರೆ ಕೆಲಸ ನೋಡುವ ಸ್ಪಾಟ್ ದಾದಾ ಒಂದು ಪಪ್ಪಾಯಿಗೆ ಆ ಕೆಂಪು ಬಟ್ಟೆ ಸುತ್ತಿ ತಂದ. ಪಪ್ಪಾಯಿ ಎದೆಗೊತ್ತಿಕೊಂಡು ನಾನು ದೇವರು ಎಲ್ಲ ಸರಿ ಮಾಡುತ್ತಾನೆ ಅಂದೆ. ಆ ಕಂತು ನೋಡಿ ಕುಂದಾಪುರದಿಂದ ನನ್ನ ಅಕ್ಕ ಫೋನ್ ಮಾಡಿದಳು. "ಎಷ್ಟು ಭಕ್ತಿ ಮಾರಾಯ ನಿನ್ನ ಮುಖದಲ್ಲಿ!"

ಸೆಟ್ಟಿನಲ್ಲಿ ದೇವರಿಗಿಂತ ದೊಡ್ಡದು ಗುರುವಾರ. ಅವತ್ತು ಟಿಆರ್‌ಪಿ, ಅಂದರೆ ಎಷ್ಟು ಜನ ನೋಡಿದರು ಅನ್ನುವ ಅಂಕಿ, ಬರುತ್ತದೆ. ಅಂಕಿ ಇಳಿದರೆ ಕಥೆ ತಿರುಗುತ್ತದೆ. ಕಥೆ ತಿರುಗಿದರೆ ಮೊದಲು ಅಲುಗಾಡುವುದು ಅಜ್ಜನ ಕುರ್ಚಿ. ಒಬ್ಬ ಪಾತ್ರಧಾರಿಯನ್ನು ಸಾಗಹಾಕಲು ಎಷ್ಟೊಂದು ದಾರಿ ಇವೆ ಗೊತ್ತಾ? ಕೋಮಾ, ತೀರ್ಥಯಾತ್ರೆ, ಅಮೆರಿಕದಲ್ಲಿರುವ ಮಗಳ ಮನೆ. ಈ ಮೂರರಲ್ಲಿ ವಾಪಸ್ ಬರುವ ಆಸೆಯಾದರೂ ಇರುತ್ತದೆ.

ನನಗೆ ಗೊತ್ತಾದದ್ದು ಹೀಗೆ. ಒಂದು ಶುಕ್ರವಾರ ಮೇಕಪ್ ರೂಮಿನಲ್ಲಿ ಕೂತಿದ್ದೆ. ಆರ್ಟ್ ಡಿಪಾರ್ಟ್‌ಮೆಂಟಿನ ಹುಡುಗ ಬಂದ. ಸೀದಾ ಹುಡುಗ, ನನ್ನನ್ನು ದಾದಾಜಿ ಅಂತಲೇ ಕರೆಯುವವನು. "ದಾದಾಜಿ, ನಿಮ್ಮದೊಂದು ಒಳ್ಳೇ ಫೋಟೊ ಇದ್ದರೆ ಕಳಿಸ್ತೀರಾ? ಸ್ವಲ್ಪ ನಗು ಇರಬೇಕು." ಯಾಕಪ್ಪ ಅಂದೆ. ಅವನು ಮಾತಾಡಲಿಲ್ಲ, ನೆಲ ನೋಡಿದ. ಅಷ್ಟರಲ್ಲಿ ಕುತ್ತಿಗೆಗೆ ಪೌಡರ್ ಹಚ್ಚುತ್ತಿದ್ದ ಮೇಕಪ್ ದಾದಾನ ಕೈ ನಿಂತಿತು. ಆ ಮೌನದಲ್ಲಿ ನನಗೆ ಅರ್ಥವಾಯಿತು. ನಾನು ಸೋಮವಾರ ಸಾಯುತ್ತೇನೆ.

ಫೋಟೊ ಕಳಿಸಿದೆ. ಊರಿನಲ್ಲಿ ಅಕ್ಕನ ಮೊಮ್ಮಗನ ಉಪನಯನದಲ್ಲಿ ತೆಗೆದದ್ದು. ಮೂರು ಅಡಿ ಎತ್ತರಕ್ಕೆ ಹಿಗ್ಗಿಸಿ, ಗಂಧದ ಹಾರ ಹಾಕಿ, ಸೆಟ್ಟಿನ ಹಾಲ್‌ನ ನಟ್ಟನಡುವೆ ತೂಗುಹಾಕಿದರು.

ಅಲ್ಲಿಂದ ನನ್ನ ನಿಜವಾದ ಜನಪ್ರಿಯತೆ ಶುರುವಾಯಿತು. ಸೊಸೆ ಅಳಬೇಕಾದಾಗಲೆಲ್ಲ ನನ್ನ ಫೋಟೊ ಮುಂದೆ ಬಂದು ಅಳುತ್ತಿದ್ದಳು. ಕೆಟ್ಟ ನಾದಿನಿ ಸಂಚು ಹೂಡುವಾಗ ಕ್ಯಾಮೆರಾ ನನ್ನ ನಗುವಿನಿಂದಲೇ ಶುರುವಾಗುತ್ತಿತ್ತು. ಬದುಕಿದ್ದಾಗ ಒಮ್ಮೆಯೂ ಸಿಗದ ಕ್ಲೋಸ್‌ಗಳು! ಎಂಟು ತಿಂಗಳು ನಾನು ವಾರಕ್ಕೆ ಆರು ದಿನ ಟಿವಿಯಲ್ಲಿದ್ದೆ. ಬಸಳೆ ಮಾರುವವಳಿಂದ ಹಿಡಿದು ಹಾಲಿನ ಅಂಗಡಿಯ ಯಜಮಾನರವರೆಗೆ ಎಲ್ಲರೂ "ದಿನಾ ನೋಡ್ತೀವಿ ಸಾರ್" ಅಂದರು. ಫೋಟೊಗೆ ಪರ್ ಡೇ, ಅಂದರೆ ದಿನದ ಸಂಭಾವನೆ, ಇಲ್ಲ. ಆ ಎಂಟು ತಿಂಗಳಲ್ಲಿ ಆ ಸೀರಿಯಲ್ಲಿನಿಂದ ನನಗೆ ಬಂದ ದುಡ್ಡು ಸೊನ್ನೆ.

ಬಂದ ಕೆಲಸದ ದುಡ್ಡಾದರೂ ಕೈಗೆ ಸಿಗುವುದು ನಿಧಾನ. ಟಿವಿಯಲ್ಲಿ 90 ದಿನ ಕಳೆದ ಮೇಲೆ ದುಡ್ಡು ಕೊಡುವ ಪದ್ಧತಿ. ಗಣಪತಿ ಹಬ್ಬದ ತಿಂಗಳು ದುಡಿದದ್ದು ಸಂಕ್ರಾಂತಿ ಹೊತ್ತಿಗೆ, ಹತ್ತು ಪರ್ಸೆಂಟ್ ಟಿಡಿಎಸ್ ತೆರಿಗೆ ಮೊದಲೇ ಕಳೆದು. ಒಬ್ಬ ನಿರ್ಮಾಪಕರ ಸೀರಿಯಲ್ ಮಧ್ಯದಲ್ಲೇ ನಿಂತಿತು, ಮೂರು ತಿಂಗಳ ದುಡ್ಡೂ ನಿಂತಿತು. ಕೊನೆಗೆ ಕಲಾವಿದರ ಸಂಘಕ್ಕೆ ಅರ್ಜಿ ಕೊಟ್ಟ ಮೇಲೆ ಕಂತು ಕಂತಾಗಿ ಬಂತು. ಇದಕ್ಕೇ ನಾನು ಹೊಸ ಹುಡುಗರಿಗೆ ಮೊದಲು ಸಂಘದ ಕಾರ್ಡ್ ಮಾಡಿಸಿ ಅನ್ನುವುದು, ಜಿಮ್ ಆಮೇಲೆ. ಮರುಪ್ರಸಾರಕ್ಕೆ? 2012ರಲ್ಲಿ ಕಾಪಿರೈಟ್ ಕಾಯ್ದೆ ತಿದ್ದಿದಾಗ ನಟರಿಗೂ ರಾಯಲ್ಟಿಯ ಹಕ್ಕು ಅನ್ನುವ ಮಾತು ಸೇರಿತು. ನನ್ನ ಪಾಸ್‌ಬುಕ್ಕಿಗೆ ಆ ಸುದ್ದಿ ಇನ್ನೂ ಮುಟ್ಟಿಲ್ಲ.

ಲಾಕ್‌ಡೌನ್ ನೆನಪಿದೆಯಲ್ಲ? 2020ರ ಮಾರ್ಚ್ 19ಕ್ಕೆ ಶೂಟಿಂಗ್ ನಿಂತಿತು. ಚಾನೆಲ್‌ಗಳು ಹಳೇ ಕಂತು ಹಾಕಿದವು, ನಾನು ಮತ್ತೆ ದಿನಾ ಟಿವಿಯಲ್ಲಿ, ಮನೆಯಲ್ಲಿ ಗಂಜಿ-ಚಟ್ನಿ. ಜೂನ್ ಕೊನೆಗೆ ಸೆಟ್ ತೆರೆದಾಗ ಸರ್ಕಾರದ ನಿಯಮ ಬಂತು, 65 ದಾಟಿದವರು ಸೆಟ್ಟಿಗೆ ಬರುವಂತಿಲ್ಲ. ನನಗಾಗ 66. ನಾನು ಮಾಡುತ್ತಿದ್ದ ಅಜ್ಜನನ್ನು ಹರಿದ್ವಾರಕ್ಕೆ ಕಳಿಸಿದರು. ಒಬ್ಬ ಹಿರಿಯ ನಟರು ಬಾಂಬೆ ಹೈಕೋರ್ಟಿಗೆ ಹೋದರು. ಆಗಸ್ಟಿನಲ್ಲಿ ಕೋರ್ಟು ಆ ನಿಯಮ ಹೊಡೆದುಹಾಕಿತು. ಅಷ್ಟರಲ್ಲಿ ಕಥೆಯವರಿಗೆ ಹರಿದ್ವಾರದ ಅಜ್ಜ ಮರೆತೇ ಹೋಗಿದ್ದ. ಅವನು ಇನ್ನೂ ಅಲ್ಲೇ ಇದ್ದಾನೆ.

ಹಾಗಾದರೆ ಹೊಟ್ಟೆಪಾಡು ಹೇಗೆ? ಕನ್ನಡದಿಂದ. ಹೌದು, ಮುಂಬೈಯಲ್ಲಿ ಕನ್ನಡದಿಂದ. ಇಲ್ಲಿ ತಯಾರಾಗುವ ಜಾಹೀರಾತುಗಳು ಎಲ್ಲ ಭಾಷೆಯಲ್ಲೂ ಬರಬೇಕು. ಅಂಧೇರಿಯ ಸ್ಟುಡಿಯೋಗಳಲ್ಲಿ ಕನ್ನಡದ ಗಂಟಲು ಯಾವಾಗಲೂ ಬೇಕು. ಸಿಮೆಂಟು, ಬಾಮು, ವಿಮೆ, ಪ್ರೆಷರ್ ಕುಕ್ಕರು, ಎಲ್ಲವನ್ನೂ ನಿಮಗೆ ಮಾರಿದ್ದೇನೆ, ನಿಮಗೆ ಗೊತ್ತಿಲ್ಲ ಅಷ್ಟೆ. ಗಾಜಿನ ಕೋಣೆ, ಕಿವಿಗೆ ಹೆಡ್‌ಫೋನು, ಕೈಯಲ್ಲಿ ಒಂದು ಹಾಳೆ. ಹಾಳೆಯ ಮೇಲೆ ಯಾರೋ ಅನುವಾದ ಮಾಡಿದ ಕನ್ನಡ. "ಈಗ ಪ್ರತಿಯೊಂದು ಮನೆಯೂ ಮುಗುಳ್ನಗುವುದು." ಹಿಂದಿಯವನ ತುಟಿ ಎರಡು ಸೆಕೆಂಡಿಗೆ ಮುಚ್ಚುತ್ತದೆ, ನನ್ನದು ಇನ್ನೂ ಮುಗುಳ್ನಗುವುದರ ಹತ್ತಿರ ಇರುತ್ತದೆ. "ಮನೆ ತುಂಬಾ ನಗು" ಅಂದರೆ ಆಗುತ್ತದಲ್ಲಪ್ಪ ಅಂದೆ. ಇಂಜಿನಿಯರ್ ಏಜೆನ್ಸಿಗೆ ಫೋನ್ ಮಾಡಿದ, ಏಜೆನ್ಸಿ ಕ್ಲೈಂಟಿಗೆ ಫೋನ್ ಮಾಡಿತು. ಮುಕ್ಕಾಲು ಗಂಟೆ ಚಹಾ ಕುಡಿದೆವು. ಒಪ್ಪಿಗೆ ಬಂತು. ಹೇಳಿದ್ದು ಒಂದೇ ಟೇಕ್. ನನ್ನ 24 ವರ್ಷದಲ್ಲಿ ಮನಸ್ಸಿಗೆ ಜಾಸ್ತಿ ಹಿಡಿಸಿದ ಕೆಲಸಗಳಲ್ಲಿ ಆ ಮೂರು ಪದವೂ ಒಂದು.

ಹೋದ ತಿಂಗಳು ಆ ಫೋಟೊದ ಸೀರಿಯಲ್ ಮುಗಿಯಿತು. ಸೆಟ್ ಒಡೆಯುವ ದಿನ ಆರ್ಟಿನ ಹುಡುಗ ಫೋನ್ ಮಾಡಿದ. "ದಾದಾಜಿ, ಗುಜರಿಗೆ ಹಾಕಲು ಮನಸ್ಸಾಗ್ತಿಲ್ಲ, ಬಂದು ತಗೊಂಡು ಹೋಗಿ." ಲೋಕಲ್‌ನಲ್ಲಿ ನನ್ನನ್ನು ನಾನೇ ತೊಡೆಯ ಮೇಲೆ ಇಟ್ಟುಕೊಂಡು ಬಂದೆ. ಹೆಂಡತಿ ಹೊಸ್ತಿಲಲ್ಲೇ ತಡೆದಳು. ಹಾರ ಹಾಕಿಸಿಕೊಂಡು ಬಂದ ಫೋಟೊ ಮನೆಯೊಳಗೆ ಬೇಡ. ಆದರೆ ಚೌಕಟ್ಟು ತೇಗದ್ದು, ಗಾಜೂ ಚೆನ್ನಾಗಿತ್ತು, ಎಸೆಯಲು ಅವಳಿಗೂ ಮನಸ್ಸಿಲ್ಲ. ಕೆಳಗಿನ ಫ್ರೇಮ್ ಅಂಗಡಿಗೆ ಒಯ್ದು ತಿಮ್ಮಪ್ಪನ ಪಟ ಹಾಕಿಸಿದಳು. ಅಂಟಿಸಿದ ಹಳೇ ಫೋಟೊ ಕಿತ್ತು ತೆಗೆಯಲು ಅವನು 80 ರೂಪಾಯಿ ಜಾಸ್ತಿ ಕೇಳಿದನಂತೆ. ಬೇಡ, ಅದರ ಮೇಲೇ ಹಾಕು ಅಂದಳಂತೆ.

ಈಗ ನಮ್ಮ ಮನೆಯ ಹಾಲ್‌ನಲ್ಲಿ ತಿಮ್ಮಪ್ಪ ಇದ್ದಾನೆ, ಅವನ ಹಿಂದೆ ನಾನಿದ್ದೇನೆ. ಬೆಳಿಗ್ಗೆ ಸ್ನಾನ ಆದ ಮೇಲೆ ಅವಳು ಬಂದು ಹೂ ಇಡುತ್ತಾಳೆ.