ಸಾಂಡಾ ಬಾಗಿಲು ಹಾಕಿಕೊಳ್ಳುವ ಹೊತ್ತು

ಜೈಸಲ್ಮೇರಿನ ಕೋಟೆ, ಹವೇಲಿಗಳನ್ನು ಎರಡು ದಿನ ನೋಡಿದೆವು, ಚೆನ್ನಾಗಿದ್ದವು, ಅಷ್ಟೇ. ಹತ್ತಿರದ ಸಮ್ ಎಂಬಲ್ಲಿನ ಮರಳು ದಿಬ್ಬಗಳ ಮೇಲೆ ಜೀಪುಗಳ ಗದ್ದಲ ಮತ್ತು ಸ್ಪೀಕರ್ ಹಾಡು ನನಗೆ ಒಂಚೂರೂ ಹಿಡಿಸಲಿಲ್ಲ. ಥಾರ್ ಅಂದರೆ ಬರೀ ಮರಳಲ್ಲ. ಗಟ್ಟಿ ನೆಲ, ಕಲ್ಲು, ಕುರುಚಲು ಗಿಡ, ಹುಲ್ಲು ಎಲ್ಲ ಇದೆ. ನಾನು ನೋಡಬೇಕು ಅಂತ ಹೋಗಿದ್ದು ಅದನ್ನೇ.

ಡೆಸರ್ಟ್ ನ್ಯಾಷನಲ್ ಪಾರ್ಕ್ ತೋರಿಸುತ್ತೇನೆ ಅಂತ ಮುಂಗಡ ತೆಗೆದುಕೊಂಡಿದ್ದ ಏಜೆಂಟ್ ಪರವಾನಗಿಯನ್ನೇ ಮಾಡಿಸಿರಲಿಲ್ಲ. ಒಂದು ಇಡೀ ದಿನ ಹಾಳಾಯಿತು, ಇವತ್ತಿಗೂ ಬೇಜಾರಿದೆ. ನೀವು ಹೋದರೆ ಮೊದಲು ಪರವಾನಗಿ ಚೀಟಿಯನ್ನು ಕಣ್ಣಾರೆ ನೋಡಿ, ಆಮೇಲೆ ದುಡ್ಡು ಕೊಡಿ.

ಆ ದಿನ ಸಂಜೆ ಸುಮ್ನೆ ಒಂದು ಹಳ್ಳಿಯಾಚೆ ನಡೆಯುತ್ತಿದ್ದೆವು. ನನ್ನ ಸಾಕ್ಸ್ ತುಂಬ ಮುಳ್ಳುಕಾಯಿ ಹತ್ತಿಕೊಂಡು ಹೆಜ್ಜೆ ಇಡಲಾಗಲಿಲ್ಲ. ಆಡು ಮೇಯಿಸುತ್ತಿದ್ದ ಅಜ್ಜ ಒಬ್ಬರು ನೋಡಿ ಹತ್ತಿರ ಬಂದರು, ನೆಲದಲ್ಲೇ ಕೂತು ಒಂದೊಂದಾಗಿ ಕೀಳತೊಡಗಿದರು. ಬೇಡ ಬಾಬಾ ಅಂದರೂ ಕೇಳಲಿಲ್ಲ. "ಇದು ಭುರಟ್ ಹುಲ್ಲು, ಬೇಟಾ. ಕಾಲು ಸಿಕ್ಕರೆ ಸಾಕು, ಹತ್ತಿಕೊಂಡು ಊರೂರು ತಿರುಗುತ್ತದೆ. ಬರ ಬಂದಾಗ ಹಿರಿಯರು ಇದರ ಬೀಜವನ್ನೇ ತಿಂದು ಬದುಕಿದ್ದರು."

ಎದುರಿಗೆ ಖೇಜ್ರಿ ಇತ್ತು, ಅಂದರೆ ಬನ್ನಿ ಮರ. ಬಿಸಿಲು ಏರುವ ಮಾರ್ಚ್ ಕೊನೆಯಲ್ಲಿ ಅದು ಹೊಸದಾಗಿ ಚಿಗುರುತ್ತಿತ್ತು! ಬೇರು ನೆಲದೊಳಗೆ ಅಷ್ಟು ಆಳಕ್ಕೆ ಇಳಿದಿರುವುದರಿಂದ ಮಳೆಗಾಗಿ ಕಾಯಬೇಕಿಲ್ಲ. ಪಕ್ಕದ ಕೈರ್ ಪೊದೆಯದು ಬೇರೆಯೇ ದಾರಿ. ಎಲೆ ಇದ್ದರೆ ನೀರು ಆವಿಯಾಗುತ್ತದಲ್ವಾ, ಅದಕ್ಕೆ ಎಲೆಯನ್ನೇ ಹೆಚ್ಚುಕಡಿಮೆ ಬಿಟ್ಟುಬಿಟ್ಟಿದೆ. ಹಸಿರು ಕಡ್ಡಿಗಳೇ ಬಿಸಿಲಲ್ಲಿ ಆಹಾರ ತಯಾರಿಸುತ್ತವೆ.

ಅಜ್ಜ ಕೋಲಿನಿಂದ ನೆಲ ತೋರಿಸಿದರು. ಅಲ್ಲಲ್ಲಿ ಬಿಲಗಳಿದ್ದವು. ಒಂದರ ಬಾಯಲ್ಲಿ ಸಾಂಡಾ ಕೂತಿತ್ತು. ಓತಿಕ್ಯಾತದ ಕಡೆಯದು, ದಪ್ಪ ಮೈ, ಬಾಲದ ಸುತ್ತ ಸಾಲು ಸಾಲು ಮುಳ್ಳು. ತಿನ್ನುವುದು ಹೆಚ್ಚಾಗಿ ಹುಲ್ಲು, ಎಲೆ, ಹೂವು. ನಾನು ಕ್ಯಾಮೆರಾ ಎತ್ತುವಷ್ಟರಲ್ಲಿ ಒಳಗೆ ಹೋಯಿತು. "ಸುಮ್ಮನೆ ನೋಡು" ಅಂದರು. ಸ್ವಲ್ಪ ಹೊತ್ತಿಗೆ ಒಳಗಿನಿಂದ ಮಣ್ಣು ಅಲುಗಿತು. ಮುಷ್ಟಿಯಷ್ಟು, ಮತ್ತೆ ಮುಷ್ಟಿಯಷ್ಟು. ನೋಡುತ್ತಿದ್ದಂತೆ ಬಿಲದ ಬಾಯಿ ಮುಚ್ಚಿಹೋಯಿತು, ಅಲ್ಲಿ ತೂತು ಇತ್ತು ಅನ್ನುವುದೇ ತಿಳಿಯದ ಹಾಗೆ.

"ಬಾಗಿಲು ಹಾಕಿಕೊಂಡಿತು," ಅಂದರು ಅಜ್ಜ.

ಹೊರಗೆ ಸುಡಲಿ, ಕೊರೆಯಲಿ, ಒಳಗೆ ಅಷ್ಟು ಏರುಪೇರಿಲ್ಲ. ಮಣ್ಣು ಮುಚ್ಚಿದರೆ ತೇವವೂ ಉಳಿಯುತ್ತದೆ, ಹಾವಿಗೂ ದಾರಿ ಇಲ್ಲ. ಚಳಿಗಾಲವನ್ನು ಹೀಗೇ ಬಾಗಿಲು ಹಾಕಿಕೊಂಡು, ಮೈಯಲ್ಲಿ ಕೂಡಿಟ್ಟ ಕೊಬ್ಬಿನ ಮೇಲೆ ಕಳೆಯುತ್ತದೆ.

"ಮೊದಲು ಇಲ್ಲೆಲ್ಲ ಬಾಗಿಲುಗಳೇ," ಅಂದರು. "ಎಣ್ಣೆಗೆ ಹಿಡಿಯುವವರು ಬಂದರು."

ಹಿಡಿದು, ಓಡದಂತೆ ಬೆನ್ನುಮೂಳೆ ಮುರಿದು ಜೀವಂತವಾಗಿಯೇ ಮಾರುತ್ತಾರಂತೆ. ಅದನ್ನು ಹೇಳುವಾಗ ಅವರು ನನ್ನ ಮುಖ ನೋಡಲಿಲ್ಲ. ಸಾಂಡಾದ ಕೊಬ್ಬಿನಿಂದ ತೆಗೆದ ಎಣ್ಣೆಯನ್ನು ಔಷಧ ಅಂತ ಮಾರುತ್ತಾರೆ, ಆದರೆ ಆ ಎಣ್ಣೆಯಿಂದ ಯಾವ ಕಾಯಿಲೆಯೂ ವಾಸಿಯಾಗುವುದಿಲ್ಲ. ಹಿಡಿಯುವುದು ಕಾನೂನಿನ ಪ್ರಕಾರ ಅಪರಾಧ. ಹದ್ದು, ನರಿಗಳೂ ಸಾಂಡಾವನ್ನು ತಿಂದು ಬದುಕುತ್ತವೆ, ಇದು ಹೋದರೆ ಅವಕ್ಕೂ ಹೊಟ್ಟೆಗಿಲ್ಲ. ದಯವಿಟ್ಟು ಯಾರೂ ಆ ಎಣ್ಣೆ ಕೊಳ್ಳಬೇಡಿ.

ಹೊರಡುವಾಗ ಅಜ್ಜ ಆಡುಗಳನ್ನು ಬಿಲಗಳ ಆಚೆಯಿಂದ ಸುತ್ತುಹಾಕಿಸಿಕೊಂಡು ಹೋದರು.

ಮರುದಿನ ಬೆಳಿಗ್ಗೆ ರೈಲಿಗೆ ಸಮಯವಿತ್ತು, ಮತ್ತೆ ಅಲ್ಲಿಗೇ ಹೋದೆವು. ಬಿಸಿಲು ಬಲಿತ ಮೇಲೆ ಮಣ್ಣು ಬಿರಿಯಿತು. ಮೊದಲು ತಲೆ ಮಾತ್ರ ಬಂತು, ಸ್ಲೇಟಿನಂತೆ ಕಪ್ಪು. ಹಾಗೇ ಬಿಸಿಲು ಕಾಯಿಸುತ್ತ ಕೂತಿತು, ನಾವೂ ಕೂತೆವು. ಕಾವೇರಿದಂತೆ ಬಣ್ಣ ತಿಳಿಯಾಗುತ್ತ ಬಂತು. ಮೈ ಪೂರ್ತಿ ಮಣ್ಣಿನ ಬಣ್ಣಕ್ಕೆ ತಿರುಗಿದ ಮೇಲೆ ಹೊರಗೆ ಬಂದು, ನಮ್ಮಿಂದ ಹತ್ತು ಹೆಜ್ಜೆ ದೂರದಲ್ಲಿ ಹುಲ್ಲು ಕಡಿಯತೊಡಗಿತು.